ಚಂದ್ರನನ್ನು ಎಳೆಯುವ ಕಪ್ಪೆ

ಪ್ರೀತಿಯ ಶೀನಣ್ಣಾ,

ನೀವು ಆ ಕಪ್ಪೆಯನ್ನು ಮೊದಲು ತೋರಿಸಿದ್ದು ಜೆಬೆಲ್ ಅಲಿಯ ಕೆಲಸಗಾರರ ಕ್ಯಾಂಪಿನ ನಮ್ಮ ರೂಮಿನಲ್ಲಿ, ರಜೆಯ ದಿನ, ಒಲೆಯ ಮೇಲೆ ಮೀನು ಸಾರು ಕುದಿಯುತ್ತಿದ್ದಾಗ. ಜಪಾನಿನ ಎಷ್ಟೋ ಹಳೆಯ ಕಾರ್ಟೂನ್. ಕಪ್ಪು ಬಿಳುಪು, ಮಾತಿಲ್ಲ. ಉದ್ದ ತೋಳಿನ ಅಂಗಿ ತೊಟ್ಟ ಕಪ್ಪೆಯೊಂದು ಚಂದ್ರನಿಗೆ ಹಗ್ಗ ಕಟ್ಟಿ ಮನೆಗೆ ಎಳೆದುಕೊಂಡು ಹೋಗುತ್ತದೆ. ನಡುನಡುವೆ ಜಪಾನಿ ಅಕ್ಷರಗಳು. ನಾನು ಐದನೇ ಕ್ಲಾಸಿಗೇ ಶಾಲೆ ಬಿಟ್ಟವನು. ರೂಮಿನಲ್ಲಿ ಯಾರಿಗೂ ಓದಲಾಗದ್ದು ಒಂದಾದರೂ ಇದೆಯಲ್ಲ ಎಂದು ಎಷ್ಟು ಸಮಾಧಾನವಾಗಿತ್ತು ಗೊತ್ತಾ?

ಭಾನುವಾರ ಊರಿಗೆ ವಿಡಿಯೋ ಕಾಲ್ ಮಾಡುತ್ತಿದ್ದಿರಿ. ನನ್ನ ಫೋನಿನಲ್ಲಿ ಕಪ್ಪೆ, ನಿಮ್ಮದರಲ್ಲಿ ಮಗಳು ಶ್ರಾವ್ಯ. ಎರಡನ್ನೂ ಎದುರುಬದುರು ಹಿಡಿಯುವುದು ನನ್ನ ಕೆಲಸ, ಕಪ್ಪೆಯ ಮಾತು, ಚಂದ್ರನ ಮಾತು ಎಲ್ಲ ನಿಮ್ಮದು. "ಎಂತ ಚಂದ್ರಣ್ಣ, ಇಷ್ಟು ಭಾರ? ಬಿರಿಯಾನಿ ತಿಂದದ್ದಾ?" ಚಂದ್ರ ನಮ್ಮ ಅರಬ್ ಸೂಪರ್‌ವೈಸರನಂತೆ "ಯಲ್ಲಾ, ಯಲ್ಲಾ!" ಎಂದು ಅವಸರ ಮಾಡುತ್ತಿದ್ದ. ನಗುವಾಗ ನನ್ನ ಕೈ ಅಲುಗಿದರೆ, "ಸರಿ ಹಿಡಿ ಮಾರಾಯ, ಕಪ್ಪೆಗೆ ತಲೆ ತಿರುಗ್ತದೆ!"

ಕೊನೆಗೆ ತೆರೆಯೆಲ್ಲ ಬಿಳಿ ಚುಕ್ಕೆ. ಮುಂದಿನ ಭಾಗ ಹಾಳಾಗಿದೆ. "ಮನೆ ಮುಟ್ಟಿತಾ ಅಪ್ಪಾ?" ಎಂದು ಅವಳು ಕೇಳಿದಾಗಲೆಲ್ಲ ನಿಮ್ಮದು ಒಂದೇ ಉತ್ತರ: "ಬರುವ ವಾರ ಹೇಳ್ತೇನೆ ಮಗಾ. ಭಾರ ಉಂಟಲ್ಲ, ನಿಧಾನ ಎಳೀಲಿ."

ಆ ದಿನ ಕಂಪನಿ ಬಸ್ಸಿನಲ್ಲಿ ನನ್ನ ಭುಜಕ್ಕೆ ಒರಗಿದಿರಿ. ನಿದ್ದೆ ಎಂದುಕೊಂಡೆ. ಕ್ಯಾಂಪ್ ಬಂತು, ಎಲ್ಲರೂ ಇಳಿದರು, ನೀವು ಏಳಲೇ ಇಲ್ಲ.

ಮೊನ್ನೆ ಭಾನುವಾರ ಅತ್ತಿಗೆ ಕಾಲ್ ಮಾಡಿದರು. "ಇವಳಿಗೆ ಕಪ್ಪೆ ಬೇಕಂತೆ. ತೋರಿಸ್ತೀಯಾ ತಮ್ಮಾ?" ನಿಮ್ಮ ಫೋನ್ ಊರಿಗೆ ಹೋಗಿದೆ. ನಮ್ಮ ರೂಮಿನ ಹಮೀದನ ಫೋನ್ ಇಸಕೊಂಡು ಎರಡನ್ನೂ ಹಿಡಿದೆ. ಕಪ್ಪೆ ಬಂತು, ಹಗ್ಗ ಕಟ್ಟಿತು. ರೂಮಿನಲ್ಲಿ ಎಲ್ಲರೂ ನನ್ನನ್ನೇ ನೋಡುತ್ತಿದ್ದರು. "ಮಾತಾಡು ಮಾರಾಯ," ಎಂದ ಹಮೀದ್. ಅಂಗಡಿಯಲ್ಲಿ ಚಹಾ ಕೇಳಲೂ ನಾಚುವವನು ನಾನು, ನಿಮಗೆ ಗೊತ್ತಲ್ಲ? "ಎಂತ ಚಂದ್ರಣ್ಣ..." ಎಂದೆ. ಅಷ್ಟೇ.

"ಅದು ಕಪ್ಪೆಯ ಸ್ವರ ಅಲ್ಲ ಮಾಮಾ," ಎಂದಳು ಶ್ರಾವ್ಯ.

ಬಿಳಿ ಚುಕ್ಕೆಗಳು ಬಂದವು. ಈಗ "ಮನೆ ಮುಟ್ಟಿತಾ?" ಕೇಳುತ್ತಾಳೆ ಎಂದು ಹೆದರಿದೆ. ಕೇಳಿದರೆ ಏನು ಹೇಳಲಿ? ನಿಮಗಾದರೂ ಗೊತ್ತಿತ್ತಾ ಶೀನಣ್ಣಾ?

ಅವಳು ಕೇಳಲಿಲ್ಲ. ನನ್ನ ಮುಖ ನೋಡಿ, ನಿಮ್ಮದೇ ಸ್ವರದಲ್ಲಿ ಹೇಳಿದಳು: "ಭಾರ ಉಂಟಲ್ಲ ಮಾಮಾ. ನಿಧಾನ ಎಳೀಲಿ."

ಬರುವ ಭಾನುವಾರವೂ ಹಿಡಿಯುತ್ತೇನೆ. ಕೈ ಅಲುಗದಂತೆ ಹಿಡಿಯುವುದನ್ನು ಮಾತ್ರ ಇನ್ನೂ ಕಲಿಯಬೇಕು.

ನಿಮ್ಮ
ಗಣೇಶ