ಒಂದಲ್ಲ, ಎರಡಲ್ಲ

ಸ್ವೀಟ್‌ಗಮ್ ಲ್ಯಾಂಡಿಂಗ್, ಮಿಸಿಸಿಪಿ ನದಿಯ ದಂಡೆ
ಅಧಿಕ ಫೆಬ್ರವರಿ ೩೧, ೨೨೮೧

ಹಿಂದಿನ ಕಾಲದ ಮಾನ್ಯ ಕನ್ನಡಿಗರೇ,

ತಾರೀಖು ನೋಡಿ ಗಾಬರಿಯಾಗಬೇಡಿ. ನಿಮ್ಮ ಫೆಬ್ರವರಿಯನ್ನು ನಾವು ತುಸು ಉದ್ದ ಮಾಡಿಕೊಂಡಿದ್ದೇವೆ, ಸಾಲದ್ದಕ್ಕೆ ನಾಲ್ಕು ವರ್ಷಕ್ಕೊಮ್ಮೆ ಇನ್ನೊಂದನ್ನು ಸೇರಿಸುತ್ತೇವೆ. ನನ್ನ ಮಾತು ವಿಚಿತ್ರವೆನಿಸಿದರೆ ಅದನ್ನೂ ಹೊಟ್ಟೆಗೆ ಹಾಕಿಕೊಳ್ಳಿ. ನಾನು ಕನ್ನಡದವಳಲ್ಲ. ನನ್ನ ಗಂಡನ ಅಜ್ಜಿ ನೀಲಗಂಗವ್ವ ಗದಗಿನ ಕಡೆಯವರು; ನನ್ನ ಕನ್ನಡದಲ್ಲಿ ಅರ್ಧ ಅವರ ಬೈಗುಳದಿಂದ ಕಲಿತದ್ದು, ಅರ್ಧ ಪುಸ್ತಕದಿಂದ. ಈ ಪತ್ರವನ್ನು ಇಂಗ್ಲಿಷಿನಲ್ಲೇ ಬರೆಯಬೇಕೆಂದಿದ್ದೆ. ಆದರೆ ಕಾಲಾಂಚೆಯಲ್ಲಿ, ಅಂದರೆ ಹಿಂದಿನ ವರ್ಷಗಳಿಗೆ ಕಾಗದ ಒಯ್ಯುವ ನಮ್ಮ ಕಚೇರಿಯಲ್ಲಿ, ಇಂಗ್ಲಿಷ್ ಕಿಟಕಿಯ ಮುಂದೆ ಹತ್ತೊಂಬತ್ತು ವರ್ಷದ ಸಾಲಿದೆ. ಕನ್ನಡದ ಕಿಟಕಿ ಖಾಲಿ ಇತ್ತು. ಗುಮಾಸ್ತೆ ಸ್ವೆಟರ್ ಹೆಣೆಯುತ್ತಿದ್ದಳು. ನಿಮ್ಮವರಿಗೆ ಪೂರ್ವಿಕರ ಹತ್ತಿರ ಹೇಳುವುದೇನೂ ಇಲ್ಲವೇ ಎಂದು ಅಜ್ಜಿಯನ್ನು ಕೇಳಿದೆ. ಹೇಳುವುದು ಬೇಕಾದಷ್ಟಿದೆ, ಸಾಲಿನಲ್ಲಿ ನಿಲ್ಲುವ ಅಭ್ಯಾಸವಿಲ್ಲ ಎಂದರು.

ನನ್ನ ಹೆಸರು ಹದಾಸಾ ಟಾಲಿವರ್. ಈ ಊರಿನ 'ಹತ್ತನೆಯವಳು' ಎಂಬ ಹುದ್ದೆ ನನ್ನದು. ಸಂಬಳವಿಲ್ಲ, ಊಟವಿದೆ. ನಮ್ಮ ಊರಿನಲ್ಲಿ ನಾನೂರ ಹದಿಮೂರು ಜನ. ಹೀಗೆ ಬರೆಯುವುದೂ ತಪ್ಪೇ, ಏಕೆಂದರೆ ಇಲ್ಲಿ ಯಾರೂ ಮನುಷ್ಯರನ್ನು ನೇರವಾಗಿ ಎಣಿಸುವುದಿಲ್ಲ. ಬಸ್ಸು ಹತ್ತುವಾಗಲಿ, ಮದುವೆಗೆ ಅಡಿಗೆ ಇಡುವಾಗಲಿ, 'ಒಂದಲ್ಲ, ಎರಡಲ್ಲ, ಮೂರಲ್ಲ' ಎಂದೇ ಎಣಿಕೆ. ಇದು ಯಹೂದಿಗಳ ಹಳೆಯ ಪದ್ಧತಿ. ಜನರಿಗೆ ಸಂಖ್ಯೆ ಹಚ್ಚಿದರೆ ದೃಷ್ಟಿಯಾಗುತ್ತದೆಂಬ ನಂಬಿಕೆ. ಈಗ ಊರಿನಲ್ಲಿ ಯಾರು ಯಹೂದಿ, ಯಾರು ಬ್ಯಾಪ್ಟಿಸ್ಟ್ ಕ್ರೈಸ್ತ, ಯಾರ ಮುತ್ತಜ್ಜಿ ಕಪ್ಪು, ಯಾರದು ಬಿಳಿ ಎಂದು ಬಿಡಿಸುವುದು ಕಲಸಿದ ಅನ್ನದಿಂದ ಸಾರು ಬೇರ್ಪಡಿಸಿದಂತೆ.

ವರ್ಷಕ್ಕೊಂದು ದಿನ ನಾವೆಲ್ಲ ಒಟ್ಟಿಗೆ ಉಣ್ಣುತ್ತೇವೆ. ಬೆಂಡೆಕಾಯಿ ಸಾರಿನಲ್ಲಿ ಹುಳಿ ಬರಿಸದ ಹಿಟ್ಟಿನ ಉಂಡೆಗಳು ತೇಲುತ್ತಿರುತ್ತವೆ. ರುಚಿಯ ಬಗ್ಗೆ ಮಾತಾಡುವುದು ಅಪಚಾರ. ಊಟಕ್ಕೆ ಮುಂಚೆ ಒಂದು ಸಾಬೂನು ಕೈಯಿಂದ ಕೈಗೆ ಹೋಗುತ್ತದೆ. ಅದರಲ್ಲಿ ಎಷ್ಟು ನೊರೆಗುಳ್ಳೆಗಳಿವೆ ಎಂದು ಪ್ರತಿಯೊಬ್ಬರೂ ಹೇಳಬೇಕು, ಏನು ಹೇಳಿದರೂ ಎಲ್ಲರೂ 'ತಪ್ಪು' ಎಂದು ಕೂಗಬೇಕು. ನಿಮ್ಮ ೧೯೬೪ರಲ್ಲಿ, ಮತದಾರರ ಪಟ್ಟಿಗೆ ಹೆಸರು ಬರೆಸಲು ಹೋದ ಕಪ್ಪು ಜನರಿಗೆ ಇಲ್ಲಿನ ಬಿಳಿಯ ಅಧಿಕಾರಿ ಕೇಳುತ್ತಿದ್ದ ಪ್ರಶ್ನೆ ಅದು. ಸರಿಯುತ್ತರ ಯಾರಿಗೂ ಸಿಗಲಿಲ್ಲ, ಸಿಗಬಾರದೆಂದೇ ಕೇಳುತ್ತಿದ್ದದ್ದು.

ಜನರನ್ನು ಎಣಿಸದ ಈ ಚಂದದ ಪದ್ಧತಿಯೇ ಹೋದ ತಿಂಗಳು ನಮಗೆ ಉರುಳಾಯಿತು. ತಲೆಯೆಣಿಕೆಗೆಂದು ರಾಜಧಾನಿಯಿಂದ ಒಂದು ಯಂತ್ರ ಬಂತು. ನೀಲಗಂಗವ್ವ ಅದಕ್ಕೆ ಎಣಿಕಪ್ಪ ಎಂದು ಹೆಸರಿಟ್ಟರು. ಬಲು ವಿನಯವಂತ ಯಂತ್ರ, ಬಾಗಿಲಲ್ಲಿ ಕಾಲೊರೆಸಿಕೊಂಡೇ ಒಳಗೆ ಬರುತ್ತದೆ. ಊರೆಲ್ಲ ಸಾಲಾಗಿ ನಿಂತು ಒಂದಲ್ಲ, ಎರಡಲ್ಲ ಎಂದು ಶ್ರದ್ಧೆಯಿಂದ ಒಪ್ಪಿಸಿತು. ಕನ್ನಡದಲ್ಲಿ ಹಾಗೆಂದರೆ ಲೆಕ್ಕವಿಲ್ಲದಷ್ಟು ಎಂದರ್ಥವಂತೆ. ಎಣಿಕಪ್ಪನಿಗೆ ಕನ್ನಡ ಬಾರದು. ಒಂದೂ ಅಲ್ಲ, ಎರಡೂ ಅಲ್ಲ, ನಾನೂರ ಹದಿಮೂರೂ ಅಲ್ಲವೆಂದ ಮೇಲೆ ಊರಿನಲ್ಲಿ ಯಾರೂ ಇಲ್ಲವೆಂದು ಬರೆದುಕೊಂಡು, ಇಲ್ಲದವರು ಕೊಟ್ಟ ನಿಂಬೆಹಣ್ಣಿನ ಪಾನಕಕ್ಕೆ ವಂದಿಸಿ ಹೋಯಿತು.

ನಾವು ನಕ್ಕೆವು. ವಾರದೊಳಗೆ ಆದೇಶ ಬಂತು: ಜನರಿಲ್ಲದ ಊರಿಗೆ ಮತಪೆಟ್ಟಿಗೆ ಬೇಡ, ಮುಂದಿನ ತಿಂಗಳ ಕೊನೆಗೆ ಎಣಿಕಪ್ಪ ಮತ್ತೊಮ್ಮೆ ಬರುತ್ತಾನೆ, ಆಗಲೂ ಸೊನ್ನೆಯಾದರೆ ಪೆಟ್ಟಿಗೆ ತೆಗೆದುಕೊಂಡು ಹೋಗುತ್ತಾನೆ. ಆಗ ನಗು ನಿಂತಿತು. ಆ ಪೆಟ್ಟಿಗೆಗಾಗಿ ಈ ಊರಿನವರು ಏಟು ತಿಂದಿದ್ದಾರೆ, ಸತ್ತಿದ್ದಾರೆ. ಊರು ಎರಡಾಯಿತು. ಸಂಖ್ಯೆ ಹೇಳಿಬಿಡೋಣವೆಂದು ಅರ್ಧ ಜನ, ಹೇಳಿದರೆ ಹಿರಿಯರಿಗೆ ದ್ರೋಹವೆಂದು ಇನ್ನರ್ಧ. ಹತ್ತನೆಯವಳು ತೀರ್ಮಾನಿಸಲಿ ಎಂದು ಎಲ್ಲರೂ ನನ್ನ ತಲೆಗೆ ಕಟ್ಟಿದರು.

ಈ ಪದ್ಧತಿಗೆ ನಮ್ಮ ಹತ್ತಿರ ಇರುವ ಏಕೈಕ ಸಾಕ್ಷಿ ಒಂದು ಧ್ವನಿಸುರುಳಿ. ನನ್ನ ಪೂರ್ವಿಕ ಆಬಡೈಯಾ ಟಾಲಿವರ್, ಕಪ್ಪು ಜನರ ಕೇರಿಯ ಕ್ಷೌರಿಕ, ಎಂಬತ್ತೆಂಟನೆಯ ವಯಸ್ಸಿನಲ್ಲಿ ಹೇಳಿದ ಕಥೆ. ಅದನ್ನು ವರ್ಷವೂ ಊಟಕ್ಕೆ ಮುಂಚೆ ಹಾಕುತ್ತೇವೆ, 'ಆಮೆನ್' ಎಂಬಲ್ಲಿ ನಿಲ್ಲಿಸುತ್ತೇವೆ. ನಾನು ಮತ್ತೆ ಕೇಳಲು ಕುಳಿತೆ.

ಕಥೆ ಹೀಗಿದೆ. ೧೯೬೪ರ ಆ ಬೇಸಿಗೆಯಲ್ಲಿ ಉತ್ತರದ ಊರುಗಳಿಂದ ಒಂದಿಷ್ಟು ಯುವಕರು ಕಪ್ಪು ಜನರ ಮತದ ಹಕ್ಕಿಗಾಗಿ ಇಲ್ಲಿಗೆ ಬಂದರು. ಅವರಲ್ಲಿ ಒಂಬತ್ತು ಮಂದಿ ಯಹೂದಿಗಳು. ಟಾಲಿವರ್ ಜೊತೆ ಮತದಾರರ ಪಟ್ಟಿಯ ಕಚೇರಿಗೆ ಹೋದ ತಪ್ಪಿಗೆ ಆ ಒಂಬತ್ತು ಮಂದಿಯನ್ನೂ ಅವನನ್ನೂ ಜೈಲಿಗೆ ಹಾಕಿದರು. ಬಿಳಿಯರ ಕೋಣೆಗೆ ಅವರನ್ನು, ಗೋಡೆಯಾಚೆಯ ಕಪ್ಪು ಜನರ ಕೋಣೆಗೆ ಈತನೊಬ್ಬನನ್ನು. ಒಂಬತ್ತರಲ್ಲಿ ಒಬ್ಬ ಸೋಲ್ ಪರ್ಲ್‌ಮಟರ್, ಬ್ರೂಕ್ಲಿನ್‌ನಲ್ಲಿ ಹಲ್ಲಿನ ವೈದ್ಯಕೀಯ ಓದುತ್ತಿದ್ದವನು. ಸಂಜೆ ಅವನ ತಾಯಿಯ ತಿಥಿ. ಆ ದಿನದ ಪ್ರಾರ್ಥನೆಗೆ ಹತ್ತು ಜನ ಯಹೂದಿ ಗಂಡಸರು ಕೂಡಲೇಬೇಕು. ಸೋಲ್ ಎಣಿಸಿದ: ಒಂದಲ್ಲ, ಎರಡಲ್ಲ... ಒಂಬತ್ತಲ್ಲ. ಅಲ್ಲಿಗೆ ಮುಗಿಯಿತು. ಗೋಡೆಯಾಚೆಯಿಂದ ಟಾಲಿವರ್ ಇದೆಂಥ ಎಣಿಕೆ ಎಂದು ಕೇಳಿದ. ಸೋಲ್ ವಿವರಿಸಿದ, ಯುರೋಪಿನಲ್ಲಿ ಯಹೂದಿಗಳನ್ನು ಕೊಂದ ಶಿಬಿರದಿಂದ ಬದುಕಿ ಬಂದ ತನ್ನ ಚಿಕ್ಕಪ್ಪನ ಕೈಮೇಲೆ ಹಚ್ಚೆ ಹೊಯ್ದ ಸಂಖ್ಯೆಯೊಂದಿದೆ, ಅದನ್ನು ನೋಡಿದ ಮೇಲೆ ಮನುಷ್ಯರನ್ನು ಎಣಿಸಲು ನಾಲಿಗೆ ಏಳುವುದಿಲ್ಲ ಎಂದೂ ಹೇಳಿದ. ನಾನು ಹತ್ತನೆಯವನಾಗಲೇ ಎಂದು ಟಾಲಿವರ್ ಕೇಳಿದ.

ಶುರುವಾಯಿತು ನೋಡಿ ಚರ್ಚೆ. ಹರ್ಷೆಲ್ ಬ್ಲೌ ಎಂಬ ಶಾಸ್ತ್ರನಿಷ್ಠ ಅಡ್ಡ ಬಂದ. ಮಧ್ಯೆ ಗೋಡೆಯಿದೆ ಎಂಬುದು ಅವನ ಮೊದಲ ಆಕ್ಷೇಪ. ಮುಖ ಕಂಡರೆ ಸಾಕೆಂದು ಇನ್ನೊಬ್ಬ ಶಾಸ್ತ್ರ ತೆಗೆದ. ನೀರಿನ ಕೊಳವೆಯ ಪಕ್ಕದ ಸಂದಿಯಲ್ಲಿ ಟಾಲಿವರನ ಒಂದು ಕಣ್ಣು, ಅರ್ಧ ಮೀಸೆ ಕಂಡವು. ಅರ್ಧ ಮೀಸೆ ಮುಖವಾಗುತ್ತದೆಯೇ ಎಂದು ಎರಡು ಗಂಟೆ ವಾದ. ಅಸಲಿಗೆ ಆತ ಯಹೂದಿಯೇ ಅಲ್ಲವಲ್ಲ ಎಂಬುದು ಎಲ್ಲರ ಗಂಟಲಲ್ಲಿ ಸಿಕ್ಕಿಕೊಂಡಿತ್ತು. ಕೊನೆಗೆ ಹರ್ಷೆಲನೇ, ದೇವರು ಈಜಿಪ್ಟಿನ ಗುಲಾಮಗಿರಿಯಿಂದ ಬಿಡಿಸಿ ತಂದ ಜನದವನೇ ನೀನು ಎಂದು ಕೇಳಿದ. ಟಾಲಿವರ್ ಹೇಳಿದ್ದು: "ಎಲ್ಲಿಂದ ಅಂತ ಗೊತ್ತಿಲ್ಲ ಸ್ವಾಮಿ. ಬಿಡಿಸೋ ಕೆಲಸ ಇನ್ನೂ ನಡೀತಾ ಇದೆ." ಹರ್ಷೆಲ್, ನಾವು ಎಣಿಸಿಯೇ ಇಲ್ಲ, ಒಂಬತ್ತೇ ಯಹೂದಿಗಳೆಂದು ಹೇಳುವವರು ಯಾರು ಎಂದ. ಸೂರ್ಯ ಮುಳುಗುವ ಹೊತ್ತಿಗೆ ಪ್ರಾರ್ಥನೆ ನಡೆಯಿತು. ಟಾಲಿವರನ ಬ್ಯಾಪ್ಟಿಸ್ಟ್ ಆಮೆನ್ ಎಷ್ಟು ಉದ್ದವಿತ್ತೆಂದರೆ, ಸೋಲ್ ಅತ್ತು ಮುಗಿಸಿದರೂ ಅದು ಮುಗಿದಿರಲಿಲ್ಲ.

ಇಲ್ಲಿ ನಾವು ಸುರುಳಿ ನಿಲ್ಲಿಸುತ್ತೇವೆ, ಸಾರು ಆರುತ್ತದೆಂದು. ಇನ್ನೂರಕ್ಕೂ ಹೆಚ್ಚು ವರ್ಷ ಯಾರೂ ಮುಂದಕ್ಕೆ ಕೇಳಿರಲಿಲ್ಲ. ನಾನು ನಿಲ್ಲಿಸಲಿಲ್ಲ. ಮುದುಕ ಒಮ್ಮೆ ಕೆಮ್ಮಿ, ಎಲ್ಲ ಹೇಳಿಲ್ಲ ಎಂದು ಮುಂದುವರಿಸಿದ. ಸೋಲ್ ಆರು ವಾರಕ್ಕೆ ತನ್ನೂರಿಗೆ ಹೋದನಂತೆ. ಮುದುಕ ಇಲ್ಲೇ ಉಳಿದನಂತೆ, ಮತ ಕೇಳಿದ್ದಕ್ಕೆ ಅವನ ಕ್ಷೌರದಂಗಡಿಗೆ ಮಾಲೀಕ ಬೀಗ ಜಡಿದನಂತೆ. ಆ ಹುಡುಗರು ನಮ್ಮನ್ನು ಉದ್ಧರಿಸಿದರೆಂದು ಯಾರಾದರೂ ಹೇಳಿದರೆ ನಂಬಬೇಡಿ, ಬೇಸಿಗೆ ಕಳೆಯಲು ಬಂದಿದ್ದರೆಂದರೆ ಅದನ್ನೂ ನಂಬಬೇಡಿ ಎಂದ. ನಮ್ಮ ಶಾಲೆಯ ಎರಡು ಪಠ್ಯಪುಸ್ತಕಗಳು ಕಿತ್ತಾಡುವುದು ಇದೇ ಎರಡು ಮಾತಿಗೆ. ಸೋಲ್ ಮಾತ್ರ ಪ್ರತಿ ವರ್ಷ ತಿಥಿಗೆ ಇಲ್ಲಿಗೇ ಬರುತ್ತಿದ್ದನಂತೆ. ಆಮೇಲೆ ಮುದುಕ ಮುಚ್ಚಿಟ್ಟಿದ್ದನ್ನು ಹೇಳಿದ. ಪ್ರಾರ್ಥನೆಗೆ ಮುಂಚೆ ಸೋಲ್ ಮತ್ತೆ ಎಣಿಸಿ, ಸಂದಿಯತ್ತ ಬೆರಳು ಮಾಡಿ 'ಹತ್ತಲ್ಲ' ಎಂದಾಗ ತಾನು ತಡೆದೆ ಎಂದ.

"ನನಗೆ ಅಲ್ಲ ಅನ್ನಬೇಡ ಮಗು. ನಿಮ್ಮೋರನ್ನ ಎಣಿಸಿ ಎಣಿಸಿ ಕೊಂದರು, ಅದಕ್ಕೆ ನಿನಗೆ ಭಯ. ನನ್ನನ್ನ ಇವತ್ತಿನವರೆಗೂ ಯಾರೂ ಎಣಿಸಿಲ್ಲ. ಹತ್ತು ಅನ್ನು."

ಸೋಲ್ ಹತ್ತು ಎಂದನಂತೆ. ಅದನ್ನು ಕೇಳಿ ನಾನು ಅತ್ತೆ, ನಾಚಿಕೆಯೂ ಆಯಿತು. ನಮ್ಮ ಊರಿನ ಅರ್ಧ ಪದ್ಧತಿಯನ್ನು ಬೆಂಡೆಕಾಯಿ ಸಾರು ನುಂಗಿತ್ತು.

ಎಣಿಕಪ್ಪ ನಿನ್ನೆ ಬಂದ. ಊರು ಸಾಲಾಗಿ ನಿಂತಿತು. ಒಂಬತ್ತು ಜನ ಅಲ್ಲ ಎಂದರು, ಹತ್ತನೆಯವರಿಗೆ ನಾನು ಹತ್ತು ಎಂದೆ. ಮತ್ತೆ ಒಂಬತ್ತು ಅಲ್ಲ, ಇಪ್ಪತ್ತು. ಹೀಗೆ ನಾನೂರ ಹತ್ತಕ್ಕೆ ಬಂದು ನಿಂತಿತು. ಕೊನೆಯಲ್ಲಿ ಮೂವರು ಉಳಿದುಬಿಟ್ಟರು. ಅವರಲ್ಲಿ ಮುಂದೆ ನಿಂತವರು ನೀಲಗಂಗವ್ವ. ಅಲ್ಲ ಎಂದರೆ ಆ ಮೂವರ ಮತ ಹೋಯಿತು, ಸಂಖ್ಯೆ ಹೇಳಿದರೆ ಪದ್ಧತಿ ಹೋಯಿತು. ಈ ಮೂವರು ಹೆಚ್ಚುವರಿಯೇ ಎಂದು ಯಂತ್ರ ವಿನಯದಿಂದ ಕೇಳಿತು. ಅಜ್ಜಿ ಕೋಲೂರಿ ಎಣಿಕಪ್ಪನನ್ನು ಮೇಲಿಂದ ಕೆಳಗೆ ನೋಡಿ ಹೇಳಿದರು: "ಹೆಚ್ಚುವರಿ ಅಂತ ಯಾಕ ಅಂತೀಯೋ? ಲಾಭ ಅನ್ನು."

ಅವರ ಸೀಮೆಯ ಕಣದಲ್ಲಿ ಜೋಳ ಅಳೆಯುವಾಗ ಮೊದಲ ಸೇರಿಗೆ ಒಂದು ಎನ್ನುವುದಿಲ್ಲವಂತೆ, ಲಾಭ ಎನ್ನುತ್ತಾರಂತೆ, ಅಲ್ಲಿಂದಲೇ ಎಣಿಕೆ ಶುರುವಂತೆ. ಅದನ್ನು ಯಂತ್ರಕ್ಕೆ ನಾನೇ ಬಿಡಿಸಿ ಹೇಳಿದೆ. ಅದು ತುಂಬ ಹೊತ್ತು ಗುಂಯ್‌ಗುಟ್ಟಿ ನಾನೂರ ಹನ್ನೊಂದು ಎಂದು ಬರೆದುಕೊಂಡಿತು; ಹಿಂದಿದ್ದ ಇಬ್ಬರನ್ನೂ ಸೇರಿಸಿ ನಾನೂರ ಹದಿಮೂರು ಮಾಡಿತು. ಪೆಟ್ಟಿಗೆ ಊರಲ್ಲೇ ಉಳಿಯಿತು.

ನನ್ನ ಕೋರಿಕೆ ಇಷ್ಟೇ. ನಿಮ್ಮ ಕಾಲದಲ್ಲೂ ಪಟ್ಟಿಗಳು ಆಗುತ್ತಿರುತ್ತವೆ. ನಿಮ್ಮ ಲೆಕ್ಕ ಮುಗಿಯಿತು ಎನ್ನುವಾಗ ಯಾರಾದರೂ ಗೋಡೆಯಾಚೆಯಿಂದ ನಾನೂ ಇದ್ದೇನೆ ಎಂದರೆ, ನೀನು ಯಾರವನು ಎಂದು ಕೇಳುತ್ತ ಕೂರಬೇಡಿ. ಲಾಭ ಎಂದು ಬರೆದುಕೊಳ್ಳಿ.

ಇಂತಿ,
ಹದಾಸಾ ಟಾಲಿವರ್