ಎದುರಿನವರ ಅರ್ಜಿ ಮೊದಲು

ಮುದನಾಳ
೯ ಡಿಸೆಂಬರ್ ೨೦೨೪, ಸೋಮವಾರ

ಮುದ್ದಿನ ಮಗಳು ಸರೋಜಾಳಿಗೆ ಅವ್ವನ ಮನಸ್ಸು ತುಂಬಿದ ಹಾರೈಕೆಗಳು.

ಹೇಗಿದ್ದೀ ತಾಯಿ? ಸೊಲ್ಲಾಪುರದಲ್ಲಿ ಚಳಿ ಜೋರಾಗಿದೆಯಂತೆ. ಮಕ್ಕಳಿಗೆ ಕಿವಿ ಮುಚ್ಚುವ ಟೋಪಿ ಹಾಕದೆ ಶಾಲೆಗೆ ಕಳಿಸಬೇಡ. ನಿನ್ನ ಅತ್ತೆಯವರ ಮೊಣಕಾಲು ಈಗ ಹೇಗಿದೆ? ಅಳಿಯಂದಿರು ವಿಶ್ವರಾಧ್ಯ ಇನ್ನೂ ಗಿರಣಿಯ ಎರಡನೇ ಪಾಳಿಗೇ ಹೋಗುತ್ತಾರೋ? ಇಲ್ಲಿ ನಾವು ಆರಾಮ. ನಿಮ್ಮಪ್ಪನ ಕೆಮ್ಮು ನಿಂತಿದೆ, ಎರಡು ಕುರಿ ಅವಳಿ ಮರಿ ಹಾಕಿವೆ, ತೊಗರಿ ಕಾಯಿ ಕಟ್ಟಿದೆ. ಫೋನ್ ಇದ್ದೂ ಕಾಗದ ಯಾಕೆ ಎಂದು ನಗಬೇಡ. ಫೋನಿನಲ್ಲಿ ನೀನು ‘ಹೂಂ ಅವ್ವ’ ಎನ್ನುತ್ತೀ, ನಾನು ಆ ಒಂದು ಹೂಂ ಹಿಡಿದುಕೊಂಡು ಅರ್ಧ ತಾಸು ನನ್ನದೇ ನಡೆಸುತ್ತೇನೆ. ಕಾಗದವಾದರೆ ನಿನಗೆ ಸಾಕೆನಿಸಿದಾಗ ಮಡಚಿ ಇಡಬಹುದು.

ಮಡಚಬೇಡ, ಸುದ್ದಿ ದೊಡ್ಡದಿದೆ. ನಿನ್ನವ್ವ ಐವತ್ತೆಂಟನೆಯ ವಯಸ್ಸಿನಲ್ಲಿ ಶಾಲೆಗೆ ಸೇರಿದ್ದಾಳೆ! ಪ್ರತಿ ಭಾನುವಾರ ಬುತ್ತಿ ಕಟ್ಟಿಕೊಂಡು, ಭೀಮಾ ನದಿ ದಾಟುವ ಬಸ್ಸು ಹತ್ತಿ ಶಹಾಪುರಕ್ಕೆ ಹೋಗುತ್ತೇನೆ. ನಿಮ್ಮಪ್ಪ ಓಣಿಯಲ್ಲೆಲ್ಲ ‘ನಮ್ಮ ಹುಡುಗಿ ಸಾಲಿಗೆ ಹೋಗ್ಯಾಳ’ ಎಂದು ಹೇಳಿಕೊಂಡು ತಿರುಗುತ್ತಾನೆ. ಆ ಶಾಲೆ ಎಂಥದು ಎಂದರೆ, ನಾನು ಪಂಚಾಯಿತಿ ಮೆಂಬರಾಗಿದ್ದ ಐದು ವರ್ಷದಲ್ಲಿ, ಅದಕ್ಕಿಂತ ಮೊದಲಿನ ಇಡೀ ಬದುಕಿನಲ್ಲಿ ಕಲಿಯದ್ದನ್ನು ಎರಡು ತಿಂಗಳಲ್ಲಿ ಕಲಿತೆ.

ಆದದ್ದು ಹೀಗೆ. ದಸರೆಯ ಹೊತ್ತಿಗೆ ಪಕ್ಕದ ಹೊಲದ ಪರಮಣ್ಣ ನಮ್ಮ ಕುರಿ ಹೋಗುವ ದಾರಿಗೆ ಅಡ್ಡ ಮುಳ್ಳು ಬಡಿದ. ನಲವತ್ತು ವರ್ಷದ ದಾರಿ! ನಾನು ಬಿಡುತ್ತೇನೆಯೇ? ಶಹಾಪುರದಲ್ಲಿ ಲಾಡ್ಲೇಸಾಬ ಎನ್ನುವವರು ಬರೆದ ಅರ್ಜಿ ತಿರುಗಿ ಬರುವುದಿಲ್ಲ ಎಂದು ಕೇಳಿದ್ದೆ. ಅವರು ಕಚೇರಿಗಳ ಮುಂದೆ ಕೂತು ನಲವತ್ತು ವರ್ಷ ಜನರ ಅರ್ಜಿ ಬರೆದವರು. ಹೋಗಿ ಅವರ ಮುಂದೆ ಕೂತು ನನ್ನ ದುಃಖವನ್ನೆಲ್ಲ ಹೇಳಿದೆ. ಮುದುಕ ಪೆನ್ನು ತೆರೆಯಲೇ ಇಲ್ಲ. ‘ಬರೀತೀನ್ರಿ ಅಕ್ಕಾ. ಮೊದಲ ಪರಮಣ್ಣನ ಅರ್ಜಿ ಹೇಳ್ರಿ’ ಅಂದರು. ‘ಅವನ ಅರ್ಜಿ ನಾ ಯಾಕ ಹೇಳಲಿ? ನಾ ಏನ್ ಅವನ ವಕೀಲಳಾ?’ ಅಂದೆ. ‘ಅವನ ಮಾತು ನಿಮಗ ಗೊತ್ತಿಲ್ಲಂದ್ರ ನಿಮ್ಮ ಜಗಳ ನಿಮಗ ಅರ್ಧನೂ ಗೊತ್ತಿಲ್ರಿ’ ಅಂದುಬಿಟ್ಟರು.

ಸಿಟ್ಟಿನಲ್ಲಿ ಎದ್ದು ಬಂದೆ. ಆದರೆ ಬಸ್ಸಿನಲ್ಲಿ ಆ ಮಾತು ಚಪ್ಪಲಿಯಲ್ಲಿ ಸಿಕ್ಕ ಹರಳಿನ ಹಾಗೆ ಚುಚ್ಚತೊಡಗಿತು. ಊರಲ್ಲಿ ಇಳಿದವಳು ನೇರ ಪರಮಣ್ಣನ ಮನೆಗೆ ಹೋದೆ. ಕಟ್ಟೆಯ ಮೇಲೆ ಕೂತು, ‘ಯಾಕ ಮುಳ್ಳು ಹಾಕಿದಿ? ನಾ ಇವತ್ತು ಬಾಯಿ ತೆರಿಯಂಗಿಲ್ಲ, ನೀನ ಹೇಳು’ ಅಂದೆ. ಅವನು ನೆಲ ನೋಡುತ್ತ ಹೇಳಿದ: ‘ಹತ್ತಿಗಿ ಹುಳ ಸಾಯೋ ವಿಷದ ಎಣ್ಣಿ ಹೊಡದೀನಿ ಅಕ್ಕಾ. ನಿನ್ನ ಕುರಿ ಬಾಯಿ ಹಾಕಿ ಸತ್ರ ಏನ್ ಗತಿ ಅಂತ ಮುಳ್ಳು ಬಡದೆ.’ ಅದನ್ನೇ ಬಂದು ಹೇಳಬಾರದಿತ್ತೇ ಎಂದು ಕೇಳಿದ್ದಕ್ಕೆ ಅವನು ಏನೆಂದ ಗೊತ್ತೇ? ‘ನಿನಗ ಹೇಳಾಕ ಹೆದರಿಕಿ. ನಿನ್ನ ಮುಂದ ಮಾತಾಡಿ ಯಾರ ಗೆದ್ದಾರ?’

ನಾನು ದಂಗಾದೆ. ನನ್ನ ಮಾತಿಗೆ ಊರು ತಲೆಯಾಡಿಸುತ್ತದೆ ಎಂದು ಇಷ್ಟು ವರ್ಷ ಮೆರೆದೆನಲ್ಲ, ಅವರು ಒಪ್ಪಿರಲಿಲ್ಲ, ಸುಮ್ಮನಾಗಿದ್ದರು! ಮುಂದಿನ ಭಾನುವಾರ ಲಾಡ್ಲೇಸಾಬರ ಬಳಿ ಓಡಿದೆ. ಅರ್ಜಿ ಬೇಡ, ಆ ವಿದ್ಯೆ ಬೇಕು ಎಂದೆ. ಅವರು ನಕ್ಕು, ಬಸ್ ನಿಲ್ದಾಣದ ಹತ್ತಿರ ಮುಚ್ಚಿಹೋದ ಟೈಪಿಂಗ್ ಕ್ಲಾಸಿನ ಮಾಳಿಗೆಗೆ ಕರೆದುಕೊಂಡು ಹೋದರು. ಅಲ್ಲಿ ಹತ್ತು ಹನ್ನೆರಡು ಮಂದಿ ಕೂತಿದ್ದರು. ಎಲ್ಲರೂ ಮಾತಿನಿಂದ ಇನ್ನೊಬ್ಬರನ್ನು ಒಪ್ಪಿಸುವ ಕೆಲಸದವರೇ: ಬೀಜ ಮಾರುವವರು, ಮೇಷ್ಟ್ರು, ಸುರಪುರದಿಂದ ಬರುವ ಗುಲಫಶಾ ಎನ್ನುವ ಆರೋಗ್ಯ ಕಾರ್ಯಕರ್ತೆ. ತಮ್ಮದನ್ನು ‘ಎರಡು ಅರ್ಜಿ ಪಂಥ’ ಎಂದು ಕರೆದುಕೊಳ್ಳುತ್ತಾರೆ. ಪುಸ್ತಕವಿಲ್ಲ, ಗುರುಪೂಜೆ ಇಲ್ಲ. ಎದುರಿನವರ ಮಾತನ್ನು ಅವರೇ ‘ಹೌದು, ಇದ ನನ್ನ ಮಾತು’ ಎನ್ನುವ ಹಾಗೆ ಹೇಳುವ ತನಕ ನಿನ್ನ ಮಾತು ಶುರು ಮಾಡುವಂತಿಲ್ಲ. ಎಷ್ಟು ಕಷ್ಟ ಗೊತ್ತೇ! ಮೊದಲ ವಾರ ನನಗೆ ಬೆವರೇ ಇಳಿಯಿತು.

ಒಂದು ದಿನ ನಮ್ಮನ್ನೆಲ್ಲ ಊರ ಹೊರಗಿನ ರಸ್ತೆಗೆ ಕರೆದುಕೊಂಡು ಹೋಗಿ, ಬುದ್ಧ ಮಲಗಿದ ಹಾಗೆ ಕಾಣುವ ಗುಡ್ಡ ತೋರಿಸಿದರು. ಹಣೆ, ಮೂಗು, ಎದೆ ಎಲ್ಲ ಕಂಡಿತು. ತುಸು ಮುಂದೆ ನಡೆಸಿದರು, ಬರೀ ಬಂಡೆ. ಮೇಷ್ಟ್ರು, ‘ಅಂದ್ರ ಅವರವರ ಖರೆ ಅವರವರಿಗಿ’ ಅಂದರು. ನಾನು ತಡೆಯಲಾರದೆ, ‘ಹೆಂಗ್ರಿ? ಗುಡ್ಡ ಅಲ್ಲೇ ಅದ, ತಿರುಗಿದವರು ನಾವು’ ಅಂದೆ. ಲಾಡ್ಲೇಸಾಬ ಚಪ್ಪಾಳೆ ತಟ್ಟಿದರು! ‘ನೋಡೋ ಜಾಗ ನೂರು, ಗುಡ್ಡ ಒಂದ. ನೂರೂ ಕಡಿ ತಿರುಗೋದು ಆ ಒಂದರ ಸಲುವಾಗಿ’ ಅಂದರು. ಅವತ್ತು ಊರಿಗೆ ಬರುವಾಗ ಬಸ್ಸಿನಲ್ಲಿ ಒಬ್ಬಳೇ ನಗುತ್ತಿದ್ದೆ ಸರೋಜಾ. ಕಂಡಕ್ಟರ್ ಎರಡು ಸಲ ತಿರುಗಿ ನೋಡಿದ.

ನಿನ್ನೆಯ ಪಾಠ ಕೇಳು. ಯಾರನ್ನೋ ಒಪ್ಪಿಸಿ ಹೆಮ್ಮೆಪಟ್ಟ ಒಂದು ಸಂಗತಿಯನ್ನು ಎಲ್ಲರೂ ಹೇಳಬೇಕಿತ್ತು. ನಾನು ಊರಲ್ಲಿ ನಲವತ್ತು ಮನೆಗೆ ಪಾಯಖಾನೆ ಕಟ್ಟಿಸಿದ್ದು ಹೇಳಿದೆ, ಶಭಾಷ್ ಎಂದರು. ಗುಲಫಶಾ ಎದ್ದಳು. ಇನ್ನೂ ಸಣ್ಣ ಹುಡುಗಿ, ನಿನಗಿಂತ ಚಿಕ್ಕವಳು. ಒಂದು ಮನೆಯವರು ಬಸುರಿಯನ್ನು ಆಸ್ಪತ್ರೆಗೆ ಕಳಿಸಲೊಲ್ಲದಾಗ ‘ನಿಮ್ಮ ರೇಷನ್ ಕಾರ್ಡ್ ರದ್ದಾಗ್ತದ’ ಎಂದು ಸುಳ್ಳು ಹೆದರಿಸಿದ್ದಳಂತೆ. ಹೆರಿಗೆ ಸುಸೂತ್ರವಾಯಿತು, ಕೂಸು ಗುಂಡುಗುಂಡಾಗಿದೆ. ನಾವೆಲ್ಲ ‘ಛಲೋ ಮಾಡಿದಿ’ ಅಂದೆವು. ಲಾಡ್ಲೇಸಾಬ ಮಾತ್ರ, ‘ಹೆದರಿಸಿ, ಬಚ್ಚಿಟ್ಟು ತಗೊಂಡ ಹೌದು ಅನ್ನೋ ಮಾತು ನಿಂದು ಬೇಟಾ, ಅವರದಲ್ಲ’ ಅಂದರು. ಆ ಹುಡುಗಿ ತಲೆ ತಗ್ಗಿಸಲಿಲ್ಲ. ಹೋದ ವಾರವೇ ಆ ಮನೆಗೆ ಹೋಗಿ ತಾನು ಸುಳ್ಳು ಹೇಳಿದ್ದನ್ನು ಒಪ್ಪಿಕೊಂಡು ಬಂದಿದ್ದಳು! ಮನೆಯ ಮುದುಕಿ ಮನಸೋ ಇಚ್ಛೆ ಬೈದು, ಆಮೇಲೆ ಒಳಗೆ ಕರೆದು ಕೂರಿಸಿ, ‘ಈಗ ಖರೇದು ಹೇಳು, ಕೂಸಿಗಿ ಸೂಜಿ ಯಾಕ ಹಾಕಸಬೇಕು?’ ಎಂದು ಕೇಳಿದಳಂತೆ. ಅದನ್ನು ಹೇಳುವಾಗ ಅವಳ ಮುಖ ನೋಡಬೇಕಿತ್ತು. ನನಗೆ ರಾತ್ರಿಯಿಡೀ ಅದೇ ಮುಖ.

ಮಕ್ಕಳಿಗೆ ಶೇಂಗಾ ಹೋಳಿಗೆ, ಅತ್ತೆಯವರಿಗೆ ಪುಂಡಿಪಲ್ಯ ಮಾಡಿಕೊಂಡು ಬರಬೇಕೆಂದಿದ್ದೇನೆ. ನೀನು ಬಾ ಎಂದರೆ ಮಾತ್ರ. ನೂರು ಕಾಲ ತಣ್ಣಗಿರು. ನಿನ್ನ ಮನೆಯ ಎಲ್ಲರಿಗೂ ನಮ್ಮಿಬ್ಬರ ನೆನಪುಗಳು.

ಬಾಯಿಗೆ ಈಗಷ್ಟೇ ಕಡಿವಾಣ ಕಲಿಯುತ್ತಿರುವ
ನಿನ್ನ ಅವ್ವ
ಶೇಖಮ್ಮ

ತಾ.ಕ.: ಇದನ್ನು ಯಾದಗಿರಿ ಅಂಚೆಗೆ ಹಾಕಲು ನಿಮ್ಮಪ್ಪ ಚಪ್ಪಲಿ ಮೆಟ್ಟಿ ನಿಂತಿದ್ದಾನೆ, ಬೇಗ ಬರೆಯುತ್ತೇನೆ. ನಿನ್ನೆ ನನ್ನ ಬಾಯಿಗೆ ಮೊದಲು ಬಂದದ್ದು ಪಾಯಖಾನೆಯ ಸಂಗತಿಯಲ್ಲ. ಒಂಬತ್ತು ವರ್ಷದ ಹಿಂದೆ ನೀನು ಅಡುಗೆಮನೆಯಲ್ಲಿ ಕೂತು ಮದುವೆ ಬೇಡ, ಓದುತ್ತೇನೆ ಎಂದು ಅಳುತ್ತಿದ್ದೆ. ‘ಮದುವಿ ಆದ ಮ್ಯಾಲ ಬಿ.ಎಡ್ ಮಾಡಸ್ತೀವಿ ಅಂತ ಗಂಡಿನವರು ಮಾತು ಕೊಟ್ಟಾರ’ ಎಂದೆ ನಾನು. ನೀನು ಕಣ್ಣೊರೆಸಿಕೊಂಡು ಒಪ್ಪಿದೆ. ಅವರು ಮಾತು ಕೊಟ್ಟಿರಲಿಲ್ಲ. ನಾನು ಕೇಳಿಯೇ ಇರಲಿಲ್ಲ. ಆಮೇಲೆ ನೀನು ಅಳಿಯಂದಿರನ್ನು ಮಾತಿಗೆ ತಪ್ಪಿದವರು ಎಂದು ಜರೆದಾಗಲೆಲ್ಲ ನಾನು ಪಕ್ಕದಲ್ಲಿ ಕೂತು ‘ಗಂಡಸರು ಹಂಗ’ ಎಂದು ತಲೆಯಾಡಿಸಿದೆ. ಕ್ಷಮಿಸು ಎಂದು ಒಪ್ಪಿಸಲು ನೋಡುತ್ತಿಲ್ಲ. ನೀನು ಏನು ಅಂದರೂ ಕೇಳಿಸಿಕೊಳ್ಳುತ್ತೇನೆ. ಆದರೆ ಇಷ್ಟನ್ನು ಅಳಿಯಂದಿರಿಗೆ ಇವತ್ತೇ ಓದಿ ಹೇಳು. ನೀನು ಜಗಳಕ್ಕೆ ನಿಂತಾಗಲೆಲ್ಲ ವಿಶ್ವರಾಧ್ಯ ‘ಯಾವ ಮಾತು? ಯಾರು ಕೊಟ್ಟಾರ?’ ಎಂದು ಕೇಳುತ್ತಿದ್ದರಲ್ಲ, ನಾಟಕ ಮಾಡುತ್ತಾರೆ ಎಂದು ನೀನು ಹೇಳುತ್ತಿದ್ದೆಯಲ್ಲ, ಅದು ನಾಟಕವಾಗಿರಲಿಲ್ಲ ಸರೋಜಾ. ಅವರಿಗೆ ನಿಜವಾಗಿಯೂ ಗೊತ್ತಿರಲಿಲ್ಲ.