ಚಾಲಕನಿಲ್ಲದ ಟ್ರ್ಯಾಕ್ಟರ್

ಸ್ನಿಹುರಿವ್ಕಾ ಹತ್ತಿರ, ಉಕ್ರೇನ್
ಸೆಪ್ಟೆಂಬರ್ 24, 2023

ಮುದ್ದಿನ ಉಲ್ಯಾನಾ,

ನೀನೂ ಅಳಿಯಂದಿರೂ ಕ್ಷೇಮವೆಂದು ನಂಬಿದ್ದೇನೆ. ಈಚೆಗೆ ಫೋನಿನಲ್ಲಿ ಏನೂ ಸರಿಯಾಗಿ ಕೇಳಿಸುವುದಿಲ್ಲ. ನೀನು ಒಂದು ಹೇಳಿದರೆ ನಾವು ಇನ್ನೊಂದಕ್ಕೆ ತಲೆಯಾಡಿಸುತ್ತೇವೆ. ಅದಕ್ಕೇ ಈ ಕಾಗದ.

ನಿಮ್ಮ ಈಜಿಪ್ಟಿನಲ್ಲಿ ರೊಟ್ಟಿ ಚಿಕ್ಕದಾಯಿತು, ಬೆಲೆ ದೊಡ್ಡದಾಯಿತು ಎಂದು ಗೋಳಾಡಿದೆಯಲ್ಲ, ಇಲ್ಲಿ ನಿನ್ನ ಕೋಣೆಯ ಬಾಗಿಲು ತೆರೆದರೆ ಗೋಧಿ ಕಾಲ ಮೇಲೆ ಸುರಿಯುತ್ತದೆ. ಊರ ಕಣಜ ಬಾಂಬಿಗೆ ಉರುಳಿತು, ಬಂದರಿಗೆ ಹಡಗು ಬರುತ್ತಿಲ್ಲ, ವ್ಯಾಪಾರಿ ಹೇಳುವ ದರಕ್ಕೆ ಡೀಸೆಲ್ ಖರ್ಚೂ ಹುಟ್ಟುವುದಿಲ್ಲ. ನಿನ್ನ ರೊಟ್ಟಿ ನಿನ್ನ ಮಂಚದ ಮೇಲೇ ಮಲಗಿದೆ ಮಗಳೇ, ಸಮುದ್ರ ದಾಟಿಸುವವರಿಲ್ಲ.

ಹೊಳೆಪಕ್ಕದ ಹೊಲಕ್ಕೆ ಅಪ್ಪ ಕಾಲಿಟ್ಟರೆ ಗಂಡನನ್ನೂ ಬಿಟ್ಟು ಬರುತ್ತೇನೆ ಎಂದು ಹೆದರಿಸಿದ್ದೆಯಲ್ಲ. ಅಲ್ಲಿ ನೆಲಬಾಂಬು ಇರುವುದು ನಿಜ. ನಾನೂ ಕೇಳಿದೆ, "ಅಲ್ರೀ, ಇರೋ ಗೋಧಿಗೇ ಜಾಗ ಇಲ್ಲ, ಇನ್ನಷ್ಟು ಬೆಳೆದು ಎಲ್ಲಿ ಸುರೀತೀರಿ, ನನ್ನ ತಲೆ ಮೇಲಾ?" ಎಂದು. ಅದಕ್ಕೆ ಅವರು, "ಹಡಗು ಬಂದ ದಿನ ಹೊಲ ಬರಿದಾಗಿದ್ರೆ? ಅಲ್ಲಿ ಮಗಳು ರೊಟ್ಟಿ ಅಳತೆ ಮಾಡ್ಕೊಂಡು ತಿಂತಿದಾಳೆ ಕಣೇ," ಎಂದರು.

ಆದರೆ ನೀನು ಹೆದರಬೇಡ. ಅಪ್ಪ ಹಳೇ ಟ್ರ್ಯಾಕ್ಟರಿಗೆ ರಿಮೋಟ್ ಜೋಡಿಸಿದರು. ಯುದ್ಧದಲ್ಲಿ ಸುಟ್ಟ ಟ್ಯಾಂಕಿನ ತಗಡು, ಅದು ಸಾಲದೆ ನನ್ನ ಹೊಸ ಗೇಟನ್ನೂ ಕಿತ್ತು ಅದಕ್ಕೆ ಬೆಸೆದರು. ತಾವು ದೂರದ ದಿಬ್ಬದ ಮೇಲೆ ಸೂರ್ಯಕಾಂತಿ ಬೀಜ ತಿನ್ನುತ್ತಾ ಗುಂಡಿ ಒತ್ತಿದರು. ಅದು ನೆಟ್ಟಗೆ ಪಕ್ಕದ ಮನೆ ಹೋರ್ಪಿನಾಳ ಎಲೆಕೋಸಿಗೆ ನುಗ್ಗಿತು! "ಡ್ರೈವರ್ರೇ ಇಲ್ವಲ್ಲೋ, ಯಾರನ್ನ ಬೈಲಿ ನಾನು?" ಎಂದು ಓಡಿ ಬಂದಳು. ಅಪ್ಪ ರಿಮೋಟ್ ಎತ್ತಿ ತೋರಿಸಿದರು. ಅದನ್ನೇ ಕೈಗೆ ತೆಗೆದುಕೊಂಡು ಮನಸಾರೆ ಬೈದಳು.

ಆಮೇಲೆ ಹೊಲದಲ್ಲಿ ಒಂದು ಬಾಂಬು ಸಿಡಿದು ಚಕ್ರ ಹಾರಿಹೋಯಿತು, ಅಷ್ಟೇ. ಹೋರ್ಪಿನಾಳ ಕೋಳಿಗಳು ಮೊಟ್ಟೆ ಇಡುವುದನ್ನೇ ಬಿಟ್ಟಿವೆ. ಅದಕ್ಕೂ ನಮಗೇ ಬೈಗುಳ. ಚಕ್ರ ಬದಲಾಯಿಸಿ ಹೊಲ ಪೂರ್ತಿ ಬಿತ್ತಿದ್ದಾಯಿತು. ಹೊರಟು ಬರುವ ಹುಚ್ಚಾಟ ಬೇಡ. ಬಂದರೂ ಮಲಗಲು ಜಾಗವಿಲ್ಲ.

ನಿನ್ನ ಅಮ್ಮ,
ಮೊಟ್ರಿಯಾ

ಮರೆತಿದ್ದೆ: ಹೋರ್ಪಿನಾ ನಿನಗೆ ಫೋನ್ ಮಾಡುತ್ತಾಳಂತೆ. ಅವಳ ಬಾಯಿಂದ ಕೇಳುವ ಮೊದಲು ನಾನೇ ಹೇಳಿಬಿಡುತ್ತೇನೆ. ಅವಳು ಸಿಟ್ಟಿನಲ್ಲಿ ರಿಮೋಟನ್ನು ನೆಲಕ್ಕೆ ಅಪ್ಪಳಿಸಿದಳು, ಅದು ಅಲ್ಲಿಗೇ ಸತ್ತಿತು. ಇಡೀ ಹೊಲದಲ್ಲಿ ಟ್ರ್ಯಾಕ್ಟರನ್ನು ಅಪ್ಪನೇ ಕೂತು ಓಡಿಸಿದರು. ಬೇಡವೆಂದರೆ ಕೇಳಲಿಲ್ಲ, ಒಬ್ಬರನ್ನೇ ಕಳಿಸಲು ನನ್ನ ಜೀವ ಒಪ್ಪಲಿಲ್ಲ, ಪಕ್ಕದಲ್ಲಿ ನಾನೂ ಹತ್ತಿ ಕೂತೆ. ಆ ಬಾಂಬು ಸಿಡಿದದ್ದು ನಮ್ಮಿಬ್ಬರ ಕೆಳಗೇ. ಫೋನಿನದೇನೂ ತಪ್ಪಿಲ್ಲ ಮಗಳೇ. ಇನ್ನು ಮೇಲೆ ಸ್ವಲ್ಪ ಗಟ್ಟಿಯಾಗಿ ಮಾತಾಡು.